ಕೊನೆಯ ಏಟಿಗೆ ಕೆ ಒತ್ತಿ

ನನ್ನ ಸ್ಟುಡಿಯೋದ ಕೀಬೋರ್ಡಿನಲ್ಲಿ ಕೆ ಅಕ್ಷರ ಕಾಣುವುದಿಲ್ಲ. ಕೀ ಇದೆ, ಒತ್ತಿದರೆ ಕೆಲಸವನ್ನೂ ಮಾಡುತ್ತದೆ, ಮೇಲಿನ ಅಕ್ಷರ ಮಾತ್ರ ಸವೆದು ಸವೆದು ಅಳಿಸಿಹೋಗಿದೆ. ಮೊನ್ನೆ ಅರ್ಜಿಗೆ ಫೋಟೋ ತೆಗೆಸಿಕೊಳ್ಳಲು ಬಾಳಗಡಿಯಿಂದ ಬಂದ ಮೇಷ್ಟ್ರೊಬ್ಬರು ಅದನ್ನು ನೋಡಿ, "ಕೊಪ್ಪ ಕೊಪ್ಪ ಅಂತ ಎಷ್ಟು ಸಲ ಟೈಪ್ ಮಾಡಿದೀರಿ ಮಾರಾಯ್ರೆ" ಎಂದರು. ನಾನು ಹೌದು ಸರ್ ಎಂದು ಅವರ ಗದ್ದವನ್ನು ಸ್ವಲ್ಪ ಕೆಳಗೆ ಮಾಡಿಸಿ, ಫೋಟೋ ತೆಗೆದು ಕಳಿಸಿಕೊಟ್ಟೆ. ದುಡಿದು ಸವೆಸಿದ್ದೇನೆ ಎಂದು ಒಬ್ಬರಾದರೂ ತಿಳಿದುಕೊಳ್ಳಲಿ ಎನ್ನುವ ಆಸೆ. ನಿಮ್ಮ ಹತ್ತಿರ ಮುಚ್ಚಿಡುವುದೇನು, ಆ ಕೀ ಸವೆದದ್ದು ಹೊಡೆದಾಟದಿಂದ. ನಾವು ಆಡುವ ಆಟದಲ್ಲಿ ಕೆ ಎಂದರೆ ಗುದ್ದು. ಕೊಪ್ಪ ಪೇಟೆಯಲ್ಲಿ ನನಗೆ ಗುರುತಿದ್ದ ಎಷ್ಟೋ ಮಂದಿಯನ್ನು ನಾನೂ ನಜೀರನೂ ಆ ಒಂದು ಕೀಯಿಂದ ಗುದ್ದಿದ್ದೇವೆ.

ನಜೀರ್ ಯಾರೆಂದು ಹೇಳಬೇಕು. ಬಸ್ ಸ್ಟ್ಯಾಂಡಿನ ಹಿಂದಿನ ಸಾಲಿನಲ್ಲಿ ನನ್ನ ಫೋಟೋ ಸ್ಟುಡಿಯೋ, ಗೋಡೆಯಾಚೆ ಅವನ ಮೊಬೈಲ್ ಅಂಗಡಿ. ಹೈಸ್ಕೂಲಿನಲ್ಲಿ ಒಂದೇ ಬೆಂಚಿನವರು. ಈಗ ಇಬ್ಬರಿಗೂ ನಲವತ್ತು ದಾಟಿದೆ, ಇಬ್ಬರ ಮಕ್ಕಳೂ ನಮಗಿಂತ ಗಂಭೀರವಾಗಿದ್ದಾರೆ. ಆರು ವರ್ಷದ ಹಿಂದೆ ಎನ್.ಆರ್. ಪುರದ ಭಾವಮೈದನ ಮನೆಗೆ ಹಬ್ಬಕ್ಕೆ ಹೋದ ನಜೀರ್, ಬರುವಾಗ ನನಗೆ ಒಂದು ಡಬ್ಬಿ ಬಿರಿಯಾನಿಯನ್ನೂ ಒಂದು ಪೆನ್‌ಡ್ರೈವನ್ನೂ ತಂದ. ಬಿರಿಯಾನಿ ಅವತ್ತೇ ಮುಗಿಯಿತು. ಪೆನ್‌ಡ್ರೈವಿನಲ್ಲಿ ಇದ್ದದ್ದು ಇನ್ನೂ ಮುಗಿದಿಲ್ಲ.

ಅದರಲ್ಲಿ ಒಂದು ಹೊಡೆದಾಟದ ಆಟ ಇತ್ತು. ಕಂಪನಿಯವರು ಮಾಡಿ ಮಾರುವ ಆಟವಲ್ಲ. ಎಲ್ಲಿಯೋ ಕೂತ ಆಟದ ಹುಚ್ಚರು ತಾವೇ ಕಟ್ಟಿ, ಯಾರು ಬೇಕಾದರೂ ತಮ್ಮ ಪಾತ್ರ ಸೇರಿಸಿಕೊಳ್ಳಲಿ ಎಂದು ಬಾಗಿಲು ತೆರೆದಿಟ್ಟದ್ದು. ನೀವು ಅದರೊಳಗೆ ಹೋಗಬೇಕೆಂದರೆ ನಿಮ್ಮ ಫೋಟೋಗಳು ಬೇಕು: ನಿಂತದ್ದು, ನಡೆದದ್ದು, ಗುದ್ದಿದ್ದು, ಒದ್ದದ್ದು, ಒದೆಸಿಕೊಂಡದ್ದು, ಅಂಗಾತ ಬಿದ್ದದ್ದು. ಒಂದು ನೂರೈವತ್ತು ಫೋಟೋ ಕತ್ತರಿಸಿ ಜೋಡಿಸಿದರೆ ಒಬ್ಬ ಮನುಷ್ಯ ಪರದೆಯ ಮೇಲೆ ಜಗಳಕ್ಕೆ ತಯಾರು. ಹಿಂದೆ ನೀಲಿ ಬಟ್ಟೆ ಇದ್ದರೆ ಕತ್ತರಿಸುವುದು ಸುಲಭ. ನೀಲಿ ಬಟ್ಟೆ, ಎರಡು ಲೈಟು, ಮದುವೆಗಳಿಲ್ಲದ ಮಳೆಗಾಲದಲ್ಲಿ ನೊಣ ಹೊಡೆಯುತ್ತ ಕೂತ ಮನುಷ್ಯ, ಇಷ್ಟೂ ಒಂದೇ ಕಡೆ ಸಿಗುವ ಜಾಗ ನನ್ನ ಸ್ಟುಡಿಯೋ.

ಆದರೆ ಆಟದ ಜೀವ ಇರುವುದು ಕೊನೆಯ ಏಟಿನಲ್ಲಿ. ಎದುರಾಳಿಯ ಶಕ್ತಿಯ ಗೆರೆ ಖಾಲಿಯಾದ ಕೂಡಲೇ ಅವನು ಬೀಳುವುದಿಲ್ಲ. ನಿಂತಲ್ಲೇ ತೂರಾಡುತ್ತಾನೆ. ಆಗ ಗೆದ್ದವನಿಗೆ ಹತ್ತು ಸೆಕೆಂಡು ಸಮಯ. ಅಷ್ಟರಲ್ಲಿ ಕೀಗಳನ್ನು ಸರಿಯಾದ ಕ್ರಮದಲ್ಲಿ ಒತ್ತಿ ಕಡೆಗೊಂದು ಕೆ ಒತ್ತಿದರೆ, ಆ ಪಾತ್ರ ತನಗೊಬ್ಬನಿಗೇ ಸೇರಿದ ಏಟೊಂದನ್ನು ಕೊಟ್ಟು ಲೆಕ್ಕ ಮುಗಿಸುತ್ತದೆ. ಗುದ್ದು ಒದೆತ ಎಲ್ಲರದೂ ಒಂದೇ, ಕೊನೆಯ ಏಟು ಮಾತ್ರ ಅವರವರ ಸ್ವಭಾವ. ಭಾವಮೈದನ ಪೆನ್‌ಡ್ರೈವಿನ ಪಾತ್ರಗಳೆಲ್ಲ ರುಂಡ ಕೀಳುವ, ಬೆನ್ನುಮೂಳೆ ಎಳೆಯುವ ಜಾತಿಯವು. ನಜೀರ್ ನೋಡಿ ಮುಖ ಕಿವುಚಿದ.

"ಇದೆಂಥ ಸಾವು ಮಾರಾಯ. ನಮ್ಮೂರಲ್ಲಿ ಯಾರಾದ್ರೂ ಹಿಂಗೆ ತಲೆ ಕೀಳ್ತಾರನ? ನಮ್ಮೋರಿಗೆ ನಮ್ಮದೇ ಏಟು ಬೇಕು."

ಮೊದಲ ಪಾತ್ರ ಅವನೇ ಆದ. ತೊಂಬತ್ತು ಕಿಲೋ ತೂಗುವ ಆಸಾಮಿ ಹಾರಿ ಒದೆಯುವ ಫೋಟೋ ಬೇಕೇ ಬೇಕೆಂದು ಹಟ ಹಿಡಿದ. ಪ್ಲಾಸ್ಟಿಕ್ ಸ್ಟೂಲಿನ ಮೇಲಿಂದ ಹದಿನೇಳು ಸಲ ಹಾರಿದ. ಹದಿನಾರು ಫೋಟೋಗಳಲ್ಲಿ ಅವನು ಆಗಲೇ ಕೆಳಗೆ ಬಂದು ಮುಟ್ಟಿದ್ದ, ಹದಿನೇಳನೆಯದರಲ್ಲಿ ಸ್ಟೂಲು ಹಾರಿತ್ತು. ಕೊನೆಯ ಏಟಿಗೆ ಮಾತ್ರ ಹೆಚ್ಚು ಯೋಚನೆ ಬೇಕಾಗಲಿಲ್ಲ. ತೂರಾಡುವ ಎದುರಾಳಿಯ ಮುಖಕ್ಕೆ ನಜೀರ್ ಒಂದು ಸ್ಕ್ರೀನ್ ಗಾರ್ಡ್ ಅಂಟಿಸುತ್ತಾನೆ. ಆಮೇಲೆ ಜೇಬಿನಿಂದ ಕಾರ್ಡ್ ತೆಗೆದು ಗಾಳಿಗುಳ್ಳೆಗಳನ್ನು ಒಂದೊಂದಾಗಿ ಅಂಚಿಗೆ ಒತ್ತುತ್ತ ಬರುತ್ತಾನೆ. ಕೊನೆಯ ಗುಳ್ಳೆ ಹೋಗುವಷ್ಟರಲ್ಲಿ ಎದುರಾಳಿ ಹಪ್ಪಳದಷ್ಟು ತೆಳ್ಳಗಾಗಿ ನೆಲಕ್ಕೆ ಒರಗುತ್ತಾನೆ.

ನನ್ನದು ಇನ್ನೂ ಸರಳ. ನಾನು ಎದುರಾಳಿಗೆ ಹೊಡೆಯುವುದೇ ಇಲ್ಲ. ಗದ್ದ ಸ್ವಲ್ಪ ಕೆಳಗೆ, ಭುಜ ನೇರ ಎಂದು ಎರಡು ಸಲ ಕೈಸನ್ನೆ ಮಾಡಿ, ಅವನ ಪಾಸ್‌ಪೋರ್ಟ್ ಸೈಜಿನ ಫೋಟೋ ತೆಗೆದು ಕೈಗೆ ಕೊಡುತ್ತೇನೆ. ಅವನು ತನ್ನ ಫೋಟೋ ನೋಡಿ ತಾನೇ ಬೀಳುತ್ತಾನೆ. ಇದನ್ನು ನಾನು ಕಲ್ಪಿಸಿದ್ದಲ್ಲ, ಇಪ್ಪತ್ತು ವರ್ಷದಿಂದ ಕೌಂಟರಿನ ಈಚೆ ನಿಂತು ನೋಡಿದ್ದು.

ಕಮ್ಮರಡಿಯಿಂದ ಬರುವ ನಿವೃತ್ತ ಪೋಸ್ಟ್‌ಮ್ಯಾನ್ ಒಬ್ಬರು ತಾವಾಗಿಯೇ ಕೇಳಿ ಪಾತ್ರವಾದರು. ಅವರ ಕೊನೆಯ ಏಟನ್ನು ನಾವು ಹುಡುಕಿದ್ದು ಅವರು ಹೊರಟು ನಿಂತಾಗ. "ಹಂಗಾದ್ರೆ ಬರ್ತೇನೆ" ಎಂದು ಬಾಗಿಲ ತನಕ ಹೋದರು, ಏನೋ ನೆನಪಾಗಿ ತಿರುಗಿ ಬಂದು ಕಾಲು ಗಂಟೆ ಹೇಳಿದರು. ಮತ್ತೆ ಬರ್ತೇನೆ ಎಂದರು, ಮೆಟ್ಟಿಲಿಂದ ತಿರುಗಿ ಬಂದರು. ಆಟದಲ್ಲಿಯೂ ಹಾಗೆಯೇ ಇಟ್ಟೆವು. ಅವರು ಹೋದಾಗಲೆಲ್ಲ ಎದುರಾಳಿಯ ಮುಖ ಅರಳುತ್ತದೆ, ಬಂದಾಗಲೆಲ್ಲ ಬಾಡುತ್ತದೆ, ನಾಲ್ಕನೆಯ ಸಲಕ್ಕೆ ಅವನು ಕೈಮುಗಿದು ಮಲಗುತ್ತಾನೆ. ಅವರಿಗೆ ಅದನ್ನು ತೋರಿಸಿದೆವು. ಬಹಳ ಸಂತೋಷಪಟ್ಟರು, ಸಂತೋಷವನ್ನು ಹೇಳಲು ಎರಡು ಸಲ ತಿರುಗಿ ಬಂದರು.

"ನಮ್ಮ ಕಡೆಯೋರಿಗೆ ಮುಗಿಸಕ್ಕೇ ಬರಲ್ಲ ಮಾರಾಯ. ಮಾತೂ ಅಷ್ಟೆ, ಜಗಳಾನೂ ಅಷ್ಟೆ" ಎಂದ ನಜೀರ್.

ಜಗಳ ಎಂದಾಗ ಅವನು ನನ್ನ ಮುಖ ನೋಡಲಿಲ್ಲ. ನೋಡದಿರುವುದಕ್ಕೆ ಕಾರಣ ಇತ್ತು. ಅದನ್ನು ಈಗ ಹೇಳಿಬಿಡುತ್ತೇನೆ, ಕಳ್ಳನ ಮನಸ್ಸು ಹುಳ್ಳುಳ್ಳಗೆ ಎನ್ನುವ ಹಾಗೆ ಇಷ್ಟು ಹೊತ್ತು ಸುತ್ತಿ ಬಳಸಿ ಅಲ್ಲಿಗೇ ಬರುತ್ತಿದ್ದೇನೆ.

ನನ್ನ ಅಮ್ಮನಿಗೆ ಒಬ್ಬಳೇ ತಂಗಿ, ಗಿರಿಜಾ ಚಿಕ್ಕಮ್ಮ. ಇಬ್ಬರೂ ಮದುವೆಯಾಗಿ ಬಂದದ್ದು ಒಂದೇ ಎಸ್ಟೇಟಿನ ಕೂಲಿ ಲೈನಿಗೆ. ಲೈನ್ ಮನೆ ನೋಡಿದವರಿಗೆ ಗೊತ್ತು, ಎರಡು ಮನೆಯ ನಡುವಿನ ಗೋಡೆ ಮಾಡಿನ ತನಕ ಹೋಗುವುದಿಲ್ಲ, ಆಳೆತ್ತರಕ್ಕೆ ನಿಂತುಬಿಡುತ್ತದೆ. ಆ ಗೋಡೆಯ ಮೇಲಿನಿಂದ ನನ್ನ ಬಾಲ್ಯದಲ್ಲಿ ಏನೆಲ್ಲ ದಾಟಿ ಬಂದಿದೆ. ಒಗ್ಗರಣೆಯ ಘಾಟು, ಚಿಕ್ಕಪ್ಪನ ಗೊರಕೆ, ಹುಣಸೆಹಣ್ಣಿನ ಉಂಡೆ, ಒಂದು ಸಲ ಕೋಳಿ. ಅಮ್ಮ ಈಚೆ ಒಲೆಯ ಮುಂದೆ ಕೂತು "ಗಿರಿ, ಉಪ್ಪಿದ್ಯನೇ" ಎಂದರೆ ಆಚೆಯಿಂದ ಉತ್ತರಕ್ಕಿಂತ ಮೊದಲು ಉಪ್ಪಿನ ಕರಟ ಕಾಣಿಸುತ್ತಿತ್ತು. ನನಗೆ ಆರೇಳು ವರ್ಷವಾಗುವ ತನಕ ಎರಡೂ ಮನೆಯಲ್ಲಿ ಒಬ್ಬಳೇ ಅಮ್ಮ ಮಾತಾಡುತ್ತಾಳೆ ಎಂದು ತಿಳಿದಿದ್ದೆನಂತೆ. ಚಿಕ್ಕಮ್ಮ ಇದನ್ನು ಹೇಳಿ ಹೇಳಿ ನನ್ನ ಹೆಂಡತಿಯ ಮುಂದೆ ಮರ್ಯಾದೆ ತೆಗೆದಿದ್ದಾಳೆ.

ಆಮೇಲೆ ಚಿಕ್ಕಮ್ಮನಿಗೆ ಶೃಂಗೇರಿಯ ಹಾಸ್ಟೆಲೊಂದರಲ್ಲಿ ಅಡುಗೆಯ ಕೆಲಸ ಸಿಕ್ಕಿತು, ಅವಳು ಅಲ್ಲೇ ಪಕ್ಕದ ಮೆಣಸೆಗೆ ಹೋದಳು. ಅಮ್ಮ ಲೈನಿನಲ್ಲೇ ಉಳಿದಳು. ಕಾಫಿ ಕೊಯ್ದು, ಸುಗ್ಗಿಯಲ್ಲಿ ಅವರಿವರ ಮನೆಯ ಅಡಿಕೆ ಸುಲಿದು, ನನ್ನ ಸ್ಟುಡಿಯೋದ ಸಂಪಾದನೆಯೂ ಸೇರಿ, ಆರು ವರ್ಷದ ಹಿಂದೆ ಕೊಪ್ಪದ ಹೊರಗೆ ಎರಡು ಕೋಣೆಯ ಮನೆ ಎದ್ದಿತು. ಅಮ್ಮನ ಜೀವನದಲ್ಲಿ ಗೋಡೆಗಳು ಮಾಡಿನ ತನಕ ಹೋದ ಮೊದಲ ಮನೆ. ಗೃಹಪ್ರವೇಶಕ್ಕೆ ಕರೆಯುವವರ ಪಟ್ಟಿಯಲ್ಲಿ ಮೊದಲ ಹೆಸರು ಚಿಕ್ಕಮ್ಮನದು.

ನಮ್ಮಲ್ಲಿ ಕರೆಯುವುದಕ್ಕೆ ಒಂದು ಕ್ರಮ ಇದೆ. ಕರೆಯೋಲೆಯ ಕಾಗದ ಹತ್ತಿರದವರಿಗೆ ಲೆಕ್ಕಕ್ಕಿಲ್ಲ. ಮನೆಯವರೇ ಹೋಗಬೇಕು, ಒಳಗೆ ಕೂರಬೇಕು, ಕುಂಕುಮ ಕೊಟ್ಟು, ಎಲ್ಲರೂ ಬರಬೇಕು ಎಂದು ಬಾಯಿಬಿಟ್ಟು ಹೇಳಬೇಕು. ದೂರದವರಿಗೆ ಫೋನಿನಲ್ಲಿ ಹೇಳಿದರೆ ನಡೆದೀತು, ಒಡಹುಟ್ಟಿದವಳಿಗೆ ನಡೆಯುವುದಿಲ್ಲ. ಅಮ್ಮನ ಕಾಲಿಗೆ ಮುಳ್ಳು ನಾಟಿ ಬಾತಿತ್ತು. "ನೀನೇ ಹೋಗಿ ಬಾ ಮಂಜ, ಮಗ ಹೋದ್ರೆ ನಾನೇ ಹೋದಂಗೆ" ಎಂದು ಕುಂಕುಮದ ಪೊಟ್ಟಣವನ್ನೂ ಕಾಗದವನ್ನೂ ಕೈಗೆ ಕೊಟ್ಟು ಕಳಿಸಿದಳು.

ಅದು ನಜೀರ್ ಸ್ಟೂಲಿನ ಮೇಲಿಂದ ಹಾರುತ್ತಿದ್ದ ದಿನ. ಹನ್ನೊಂದರ ಬಸ್ಸಿಗೆ ಹೋಗೋಣ ಎಂದುಕೊಂಡೆ, ಆಗ ಅವನು ಒಂಬತ್ತನೆಯ ಹಾರಾಟದಲ್ಲಿದ್ದ. ಮುಂದಿನ ಬಸ್ಸು ಹೊರಡುವಾಗ ಹದಿನೇಳನೆಯದು. ನಾನು ಓಡಿಹೋಗಿ ಶೃಂಗೇರಿ ಬಸ್ಸಿನ ಕಂಡಕ್ಟರನ ಕೈಗೆ ಪೊಟ್ಟಣ, ಕಾಗದ ಎರಡನ್ನೂ ಕೊಟ್ಟು, ಮೆಣಸೆಗೆ ತಲುಪಿಸಿಬಿಡಿ ಎಂದೆ. ತಪ್ಪು ಮಾಡುತ್ತಿದ್ದೇನೆ ಎಂದು ಆಗ ಅನ್ನಿಸಲೇ ಇಲ್ಲ, ನಿಜ. ನಮ್ಮಲ್ಲಿ ಎಲ್ಲವೂ ಬಸ್ಸಿನಲ್ಲೇ ಹೋಗುತ್ತದೆ. ಬಿಪಿ ಮಾತ್ರೆ, ಪಂಪಿನ ವಾಷರ್, ಹಲಸಿನಹಣ್ಣು, ಮರೆತ ಕನ್ನಡಕ. ಕಂಡಕ್ಟರ್ ಅದನ್ನು ಶೃಂಗೇರಿಯಲ್ಲಿ ಒಂದು ಅಂಗಡಿಗೆ ಕೊಟ್ಟ, ಅಂಗಡಿಯವರು ಆಟೋದವನಿಗೆ ಕೊಟ್ಟರು. ಚಿಕ್ಕಮ್ಮನ ಮನೆಗೆ ಅಕ್ಕನ ಹೊಸ ಮನೆಯ ಕರೆಯೋಲೆ ತಲುಪಿದ್ದು ರಿಪೇರಿಯಾದ ಮಿಕ್ಸಿ ಜಾರಿನೊಳಗೆ.

ಚಿಕ್ಕಮ್ಮ ಬರಲಿಲ್ಲ. ಅಮ್ಮ ಹಾಲು ಉಕ್ಕಿಸುವ ಮುಹೂರ್ತವನ್ನು ಎರಡು ಸಲ ತಡೆದು ಗೇಟಿನ ಕಡೆ ನೋಡಿದಳು, ಆಮೇಲೆ ನೋಡುವುದನ್ನು ಬಿಟ್ಟಳು. ಮಗನನ್ನು ಕಳಿಸಿ ಕರೆದರೂ ಬಾರದ ಸೊಕ್ಕು ಎಂದು ಅಮ್ಮನ ದೂರು. ವಾಷರ್ ಕಳಿಸಿದ ಹಾಗೆ ಬಸ್ಸಲ್ಲಿ ಕರೆದಳು ಎಂದು ಚಿಕ್ಕಮ್ಮನ ದೂರು. ಅಕ್ಕನಾದವಳು ಯಾಕೆ ಬರಲಿಲ್ಲ ಎಂದು ಕೇಳಬಾರದು, ತಂಗಿಯಾದವಳು ತಾನಾಗಿ ಹೇಳಬಾರದು. ಇಬ್ಬರ ದೂರೂ ಬಂದು ಬೀಳುತ್ತಿದ್ದದ್ದು ನನ್ನ ಕಿವಿಗೆ. ಎರಡನ್ನೂ ಜೋಡಿಸಿದರೆ ಉಳಿಯುವ ತಪ್ಪಿತಸ್ಥ ನಾನೊಬ್ಬನೇ ಎಂದು ಗೊತ್ತಿದ್ದವರು ಇಬ್ಬರು, ನಾನು ಮತ್ತು ನಜೀರ್. ನಾಳೆ ಹೇಳೋಣ ಎಂದು ಮೊದಲ ವಾರ, ಸ್ವಲ್ಪ ತಣ್ಣಗಾಗಲಿ ಎಂದು ಮೊದಲ ತಿಂಗಳು, ಇಷ್ಟು ದಿನ ಯಾಕೆ ಹೇಳಲಿಲ್ಲ ಎಂದರೆ ಏನು ಹೇಳುವುದು ಎಂದು ಮೊದಲ ವರ್ಷ. ಆಮೇಲೆ ಅದು ಬಾಯಲ್ಲಿಟ್ಟುಕೊಂಡ ಬಿಸಿ ತುಪ್ಪವಾಯಿತು. ಆರು ವರ್ಷ ಅಕ್ಕತಂಗಿ ಮಾತಿಲ್ಲ, ಒಬ್ಬರ ಮನೆಯಲ್ಲಿ ಒಬ್ಬರು ನೀರು ಮುಟ್ಟಿಲ್ಲ. ಅಮ್ಮನಿಗೆ ಅರವತ್ತೆಂಟು, ಚಿಕ್ಕಮ್ಮನಿಗೆ ಅರವತ್ತಾರು. ಇನ್ನೆಷ್ಟು ದಿನ ನಾಳೆ ಹೇಳೋಣ ಎಂದುಕೊಂಡು ಕೂರುವುದು ಎಂದು ನನಗೂ ಹೆದರಿಕೆಯಾಗಿತ್ತು.

ಈ ಮಳೆಗಾಲದಲ್ಲಿ ಒಂದು ದಿನ ಅಮ್ಮ ಮಧ್ಯಾಹ್ನದ ಊಟದ ಕ್ಯಾರಿಯರ್ ತಂದವಳು ಪರದೆಯ ಮೇಲೆ ನಜೀರ್ ನನ್ನನ್ನು ಒದೆಯುವುದನ್ನು ಕಂಡಳು.

"ಇದ್ರಲ್ಲಿ ಹೆಂಗಸರಿಲ್ಲನ?"

ಮಾರನೆಯ ದಿನ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಬಂದು ನೀಲಿ ಬಟ್ಟೆಯ ಮುಂದೆ ನಿಂತಳು. ಗುದ್ದು ಅಂದರೆ ಗುದ್ದಿದಳು, ಒದಿ ಅಂದರೆ "ಸೀರೆಲಿ ಒದಿಯಕ್ಕಾಗಲ್ಲ, ತುಳಿತೀನಿ" ಎಂದು ತುಳಿದಳು. ಬೀಳುವ ಫೋಟೋಗೆ ಮಾತ್ರ ಒಪ್ಪಲಿಲ್ಲ, ಅದಕ್ಕೆ ಅವಳು ಚಾಪೆಯ ಮೇಲೆ ಮಲಗಿದ್ದನ್ನೇ ತೆಗೆದು ಹೊಂದಿಸಿದೆ. ಕೊನೆಯ ಏಟು ಅವಳದೇ ಯೋಚನೆ. ಅಡಿಕೆ ಸುಲಿಯುವ ಮೆಟ್ಟುಗತ್ತಿಯ ಮೇಲೆ ಕುಕ್ಕರುಗಾಲಿನಲ್ಲಿ ಕೂತು, ಎದುರಾಳಿಯನ್ನು ಹಸಿ ಅಡಿಕೆಯಂತೆ ಎರಡು ಕೈಯಲ್ಲಿ ಹಿಡಿದು, ಚಕಚಕನೆ ತಿರುಗಿಸಿ ಸುಲಿದುಬಿಡುವುದು. ಅಂಗಿ ಪ್ಯಾಂಟು ಸಿಪ್ಪೆಯ ಹಾಗೆ ಒಂದು ಕಡೆ ಬೀಳುತ್ತದೆ, ಎದುರಾಳಿ ಪಟಾಪಟಿ ಚಡ್ಡಿಯಲ್ಲಿ ಇನ್ನೊಂದು ಕಡೆ. ಪಾತ್ರ ತಯಾರಾದ ದಿನ ನಜೀರನನ್ನು ನಾಲ್ಕು ಸಲ ಸುಲಿಸಿ ನೋಡಿ ಅಮ್ಮ ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ನಗು ನಿಂತ ಮೇಲೆ ಕ್ಯಾರಿಯರ್ ಜೋಡಿಸುತ್ತ, "ಗಿರಿ ನೋಡಿದ್ರೆ ಬಿದ್ದು ಬಿದ್ದು ನಗೋಳು" ಎಂದಳು. ಆಮೇಲೆ ಆ ಮಾತು ಬೇರೆ ಯಾರೋ ಆಡಿದರೆಂಬಂತೆ ಬಾಗಿಲ ಕಡೆ ನೋಡಿ ಹೊರಟುಹೋದಳು.

ನಜೀರ್ ಗೋಡೆಗೆ ಒರಗಿ ನಿಂತಿದ್ದ. "ಚಿಕ್ಕಮ್ಮನ ಫೋಟೋನೂ ತಗಂಡು ಬಾ. ಹೊರಗೆ ನಿಲ್ಲಿಸಕ್ಕಂತೂ ನಿಂಗೆ ಧೈರ್ಯ ಇಲ್ಲ. ಇದರೊಳಗಾದ್ರೂ ಎದುರುಬದುರು ನಿಲ್ಲಲಿ."

ನೀಲಿ ಬಟ್ಟೆ ಸುತ್ತಿಕೊಂಡು ಮೆಣಸೆಗೆ ಹೋದೆ. ಈ ಕೆಲಸಕ್ಕಾದರೆ ಬಸ್ಸು ಹತ್ತುವುದು ನನಗೆ ಎಷ್ಟು ಸುಲಭವಾಗಿತ್ತು ನೋಡಿ. ಯಾರ ಜೊತೆ ಕುಸ್ತಿ ಎಂದು ಚಿಕ್ಕಮ್ಮ ಕೇಳಿದಳು, ಕಂಪ್ಯೂಟರ್ ಜೊತೆ ಎಂದೆ. ಅವಳ ಕೊನೆಯ ಏಟು ಕಡುಬಿನದು. ಇನ್ನೊಂದು, ಇನ್ನೊಂದೇ ಒಂದು ಎಂದು ಸೌಟು ಹಿಡಿದು ಎದುರಾಳಿಯ ಬೆನ್ನು ಹತ್ತುವುದು. ಅವನು ಎಲೆಗೆ ಕೈ ಅಡ್ಡ ಹಿಡಿದರೆ ಕೈಯ ಮೇಲೆಯೇ ಬಡಿಸುವುದು. ಇಪ್ಪತ್ತೆರಡನೆಯ ಕಡುಬಿಗೆ ಅವನು ತಾನೇ ಕಡುಬಿನ ಆಕಾರಕ್ಕೆ ಬಂದು ಉರುಳುತ್ತಾನೆ. ಮೂವತ್ತು ವರ್ಷ ಹಾಸ್ಟೆಲಿನ ಹುಡುಗರಿಗೆ ಬಡಿಸಿದ ಕೈ, ಒಂದು ಫೋಟೋವನ್ನೂ ಎರಡನೆಯ ಸಲ ತೆಗೆಯಬೇಕಾಗಲಿಲ್ಲ.

ಸ್ಟುಡಿಯೋಕ್ಕೆ ಬಂದು ಕತ್ತರಿಸಲು ಕೂತಾಗ ಗೊತ್ತಾಯಿತು, ಇಬ್ಬರೂ ನಿಲ್ಲುವುದು ಒಂದೇ ಥರ. ಎಡಗೈ ಸೊಂಟದ ಮೇಲೆ, ತಲೆ ಒಂಚೂರು ಬಲಕ್ಕೆ. ಈ ಆಟದಲ್ಲಿ ಜಗಳ ಶುರುವಾಗುವ ಮೊದಲು ಪಾತ್ರಗಳು ನಿಂತಲ್ಲೇ ಉಸಿರಾಡುತ್ತವೆ, ಮೂರು ಫೋಟೋ ಒಂದಾದ ಮೇಲೊಂದು ಬರುತ್ತ ಎದೆ ಮೇಲೆ ಕೆಳಗೆ ಆದಂತೆ ಕಾಣುತ್ತದೆ. ಅಮ್ಮ ಎಡಕ್ಕೆ, ಚಿಕ್ಕಮ್ಮ ಬಲಕ್ಕೆ. ಆರು ವರ್ಷದ ಮೇಲೆ ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತ ಉಸಿರಾಡುತ್ತಿದ್ದರು. ನನಗೆ ಗುದ್ದಿಸುವ ಮನಸ್ಸಾಗಲಿಲ್ಲ. ಸುಮ್ಮನೆ ಹಾಗೇ ನೋಡುತ್ತ ಕೂತೆ, ನಜೀರ್ ಚಾ ತಂದಿಟ್ಟು ಮಾತಾಡದೆ ಹೋದ.

ಮಾತಾಡದೆ ಹೋದವನು ಸುಮ್ಮನೆ ಕೂರಲಿಲ್ಲ ಎಂದು ನನಗೆ ಗೊತ್ತಾದದ್ದು ಮುಂದಿನ ಬುಧವಾರ. ಹನ್ನೆರಡೂವರೆಗೆ ಚಿಕ್ಕಮ್ಮ ಸ್ಟುಡಿಯೋದ ಮೆಟ್ಟಿಲು ಹತ್ತಿದಳು. "ಆಟ ತಯಾರಾಗಿದೆ, ನೋಡಕ್ಕೆ ಬನ್ನಿ ಅಂತ ನಜೀರ್ ಫೋನ್ ಮಾಡಿದ್ದ." ಅಮ್ಮ ಕ್ಯಾರಿಯರ್ ತರುವುದು ಒಂದು ಗಂಟೆಗೆ. ಅವತ್ತು ಹತ್ತು ನಿಮಿಷ ಮೊದಲೇ ಬಂದಳು.

ಇಬ್ಬರೂ ಗಿರಾಕಿಗಳ ಬೆಂಚಿನ ಎರಡು ತುದಿಗೆ ಕೂತರು. ನಡುವೆ ಕ್ಯಾರಿಯರ್. ನನ್ನ ಮುಖ ಇಂಗು ತಿಂದ ಮಂಗನ ಹಾಗಾಗಿತ್ತು ಎಂದು ನಜೀರ್ ಈಗಲೂ ಹೇಳುತ್ತಾನೆ.

"ಮಂಜ, ಬಂದೋರಿಗೆ ಚಾ ಹೇಳು" ಎಂದಳು ಅಮ್ಮ, ಗೋಡೆಯ ಮೇಲಿನ ಮದುವೆ ಫೋಟೋ ನೋಡುತ್ತ.

"ನಂದು ಆಗಿದೆ ಅಂತ ಹೇಳು" ಎಂದಳು ಚಿಕ್ಕಮ್ಮ, ನೆಲ ನೋಡುತ್ತ.

ನಜೀರ್ ಎರಡು ಕುರ್ಚಿ ಎಳೆದು ಕೀಬೋರ್ಡಿನ ಮುಂದೆ ಹಾಕಿದ. ಬಲಗಡೆಯ ಕೀಗಳು ಅಮ್ಮನಿಗೆ, ಎಡಗಡೆಯವು ಚಿಕ್ಕಮ್ಮನಿಗೆ. ಇಬ್ಬರೂ ಬೇಡ ಎನ್ನಲಿಲ್ಲ. ಒಬ್ಬಳು ಬೇಡ ಎಂದಿದ್ದರೆ ಹೆದರಿದಳು ಎಂದಾಗುತ್ತಿತ್ತು. ಮೊದಲು 'ಹೂಂ' ಎನ್ನುತ್ತ ಒಂದೊಂದೇ ಬೆರಳಲ್ಲಿ ಒತ್ತಿದರು. ಅರ್ಧ ನಿಮಿಷದಲ್ಲಿ ಚಿಕ್ಕಮ್ಮನ ಬಳೆ ಕೀಬೋರ್ಡಿಗೆ ಬಡಿಯತೊಡಗಿತು, ಅಮ್ಮ ಕುರ್ಚಿಯ ಮೇಲೆ ಕಾಲು ಮಡಚಿ ಕೂತಳು. ಆರು ವರ್ಷ ಅವಳು ಒಳಗೆ ಕಟ್ಟಿಟ್ಟದ್ದೆಲ್ಲ ಕೆ ಕೀಯ ಮೇಲೆ ಬಿತ್ತು. ಅಮ್ಮ ಗೆದ್ದಳು. ಪರದೆಯ ಮೇಲೆ ಚಿಕ್ಕಮ್ಮನ ಗೆರೆ ಖಾಲಿಯಾಗಿ, ಅವಳು ನಿಂತಲ್ಲೇ ತೂರಾಡತೊಡಗಿದಳು.

"ಈಗ ಕೊನೆ ಏಟು" ಎಂದ ನಜೀರ್. "ಅಮ್ಮ, ಮುಂದೆ, ಹಿಂದೆ, ಕೆ ಒತ್ತಿ. ಬೇಗ."

ಅಮ್ಮ ಕೈ ಎತ್ತಿದವಳು ಒತ್ತಲಿಲ್ಲ. ಪರದೆಯ ಹತ್ತಿರ ಬಾಗಿ ನೋಡಿದಳು.

"ಇವಳಿಗೆ ತಲೆ ತಿರುಗ್ತಿದೆ ಕಾಣ್ತದೆ. ಬಿಪಿ ಮಾತ್ರೆ ತಗೊಂಡಿದಾಳನ ಕೇಳು ಮಂಜ."

"ತಗೊಂಡಿದೀನಿ ಅಂತ ಹೇಳು" ಎಂದಳು ಚಿಕ್ಕಮ್ಮ. ದನಿ ಮೊದಲಿನಷ್ಟು ಗಟ್ಟಿಯಿರಲಿಲ್ಲ.

ಹತ್ತು ಸೆಕೆಂಡು ಮುಗಿಯಿತು. ಪರದೆಯ ಚಿಕ್ಕಮ್ಮ ಯಾರ ಏಟೂ ಇಲ್ಲದೆ ಮೆಲ್ಲಗೆ ಕೂತಳು. ನಿಜದ ಚಿಕ್ಕಮ್ಮ ಮೂಗು ಒರೆಸಿಕೊಂಡು ನನ್ನ ಕಡೆ ತಿರುಗಿದಳು. "ಅಲ್ಲ ಮಂಜ, ಇಷ್ಟು ಕಾಳಜಿ ಇದ್ದೋಳು ಗೃಹಪ್ರವೇಶಕ್ಕೆ ನನ್ನನ್ನ ಬಸ್ಸಲ್ಲಿ ಕರೆದಿದ್ದು ಎಂತಕ್ಕೆ? ಕೇಳು ನಿನ್ನ ಅಮ್ಮನ್ನ."

"ಬಸ್ಸಲ್ಲಿ?" ಎಂದಳು ಅಮ್ಮ. "ನನ್ನ ಮಗ ಮೆಣಸೆ ತನಕ ಹೋಗಿ ಕುಂಕುಮ ಕೊಟ್ಟು ಕರೆದಿದಾನೆ. ಹೇಳಾ ಅವಳಿಗೆ."

"ಹೇಳಾ" ಎಂದಳು ಚಿಕ್ಕಮ್ಮನೂ.

ಮಾತಿಲ್ಲದವರ ನಡುವೆ ಮಾತು ದಾಟಿಸುವ ಕೆಲಸ ಆರು ವರ್ಷದಿಂದ ನನ್ನದೇ. ಈ ಒಂದು ಮಾತನ್ನು ಯಾವ ಕಡೆಗೆ ದಾಟಿಸಬೇಕೋ ತಿಳಿಯಲಿಲ್ಲ. ಕೊಪ್ಪದ ಮಹಾಶೂರ ನಜೀರ್ ಜೇಬಿನಿಂದ ಮೊಬೈಲ್ ತೆಗೆದು ಅದರ ಹಿಂಭಾಗವನ್ನು ಬಹಳ ಆಸಕ್ತಿಯಿಂದ ಪರೀಕ್ಷಿಸುತ್ತಿದ್ದ.

"ನಾನು ಹೋಗಿರಲಿಲ್ಲ" ಎಂದೆ. "ನಾನೇ ಬಸ್ಸಿಗೆ ಕೊಟ್ಟೆ."

ಇಬ್ಬರೂ ಬಯ್ಯುತ್ತಾರೆ ಎಂದು ಕಾದೆ. ಬಯ್ದಿದ್ದರೆ ಬದುಕುತ್ತಿದ್ದೆ. ಚಿಕ್ಕಮ್ಮ ಬಾಯಿಗೆ ಸೆರಗು ಹಿಡಿದುಕೊಂಡಳು. ಅಮ್ಮ ಕ್ಯಾರಿಯರನ್ನು ತನ್ನ ಕಡೆಗೆ ಎಳೆದುಕೊಂಡಳು.

"ನಾನು ದಿನಾ ಅವಳಿಗೆ ಬಯ್ತಿದ್ದೆ" ಎಂದಳು. "ನೀನು ಅದನ್ನ ಕೇಳ್ಕೊಂಡು ನನ್ನೆದುರು ಕೂತು ಅನ್ನ ಉಣ್ತಿದ್ದೆಯಲಾ."

ಅಷ್ಟೇ. ಕ್ಯಾರಿಯರ್ ಎತ್ತಿಕೊಂಡು ಮೆಟ್ಟಿಲಿಳಿದು ಹೋದಳು. ಚಿಕ್ಕಮ್ಮ ಶೃಂಗೇರಿ ಬಸ್ಸಿಗೆಂದು ಇನ್ನೊಂದು ಕಡೆಗೆ ಹೋದಳು. ನಾವು ಮಾಡಿದ ಇಪ್ಪತ್ತಮೂರು ಪಾತ್ರಗಳಲ್ಲಿ ಯಾವುದರ ಕೈಯಲ್ಲೂ ಅಂಥ ಏಟು ಇಲ್ಲ. ನಜೀರ್ ತನ್ನ ಊಟದಲ್ಲಿ ಅರ್ಧ ತಂದುಕೊಟ್ಟ, ನಾನು ಡಬ್ಬಿ ಮುಚ್ಚಿ ವಾಪಸ್ ಕೊಟ್ಟೆ. ಅವಮಾನಕ್ಕಿಂತ ಹೆಚ್ಚಾಗಿ ದುಃಖವಾಗಿತ್ತು, ಇದನ್ನು ತಮಾಷೆ ಮಾಡಿ ಹೇಳಲು ನನಗೆ ಇನ್ನೂ ಬಂದಿಲ್ಲ.

ಮೂರು ದಿನ ಮನೆಯಲ್ಲಿ ಅಮ್ಮನ ಬಾಯಿಂದ ಊಟ, ನೀರು, ಬಾಗಿಲು ಈ ಮೂರು ಶಬ್ದ ಬಿಟ್ಟು ಬೇರೆ ಬರಲಿಲ್ಲ. ನಾಲ್ಕನೆಯ ದಿನ ಬೆಳಿಗ್ಗೆ ಮಡಿಕೆ ಮುರಿಯದ ಸೀರೆ ಉಟ್ಟು, ಕುಂಕುಮದ ಭರಣಿಯನ್ನು ಕೈಚೀಲದಲ್ಲಿಟ್ಟುಕೊಂಡು ಹೊರಟು ನಿಂತಳು. ಎಲ್ಲಿಗೆ ಎಂದೆ.

"ಗೃಹಪ್ರವೇಶಕ್ಕೆ ಕರೆಯಕ್ಕೆ."

ನಾನೂ ಬರುತ್ತೇನೆ ಎಂದೆ. ಬೇಡ ಎಂದಳು.

ಮೆಣಸೆಯಲ್ಲಿ ಏನಾಯಿತೆಂದು ಇಬ್ಬರೂ ನನಗೆ ಹೇಳಿಲ್ಲ, ಕೇಳುವ ಮುಖವೂ ನನಗಿಲ್ಲ. ಮರುವಾರದ ಭಾನುವಾರ ಬೆಳಿಗ್ಗೆ ಅಮ್ಮ ಹೊಸ್ತಿಲು ತೊಳೆದು ರಂಗೋಲಿ ಹಾಕಿದಳು, ಬಾಗಿಲಿಗೆ ಮಾವಿನ ಸೊಪ್ಪು ಕಟ್ಟಿಸಿದಳು. ಪಕ್ಕದ ಮನೆಯವರು ಏನು ವಿಶೇಷ ಎಂದರೆ ಗೃಹಪ್ರವೇಶ ಎಂದಳು. ಆರು ವರ್ಷದಿಂದ ನಮ್ಮ ಮನೆಗೆ ಬಂದು ಹೋಗುತ್ತಿದ್ದ ಅವರು ಇನ್ನೊಂದು ಸಲ ಗೋಡೆ, ಮಾಡು ಎಲ್ಲ ನೋಡಿಕೊಂಡು ಹೋದರು. ಚಿಕ್ಕಮ್ಮ ಹತ್ತರ ಬಸ್ಸಿಗೆ ಬಂದಳು. ಬಲಗಾಲಿಟ್ಟು ಒಳಗೆ ಬಂದು, ಎರಡು ಕೋಣೆಯನ್ನೂ ನೋಡಿ, ಅಡುಗೆಮನೆಯ ಬಾಗಿಲಲ್ಲಿ ನಿಂತಳು. ಒಲೆಯ ಮೇಲೆ ಹಾಲು ಇಟ್ಟಿತ್ತು. ಫೋಟೋ ತೆಗೆಯಲು ನನಗೆ ಅಪ್ಪಣೆಯಾಗಿತ್ತು, ಬೇರೆ ಮಾತಿಗೆ ಅಪ್ಪಣೆ ಇರಲಿಲ್ಲ.

ಚಿಕ್ಕಮ್ಮ ಒಲೆಯ ಮೇಲಿನ ಕಿಟಕಿಯನ್ನೇ ನೋಡುತ್ತಿದ್ದಳು.

"ಕಿಟಕಿ ಸಣ್ಣದಾಯ್ತಲ್ಲ ಅಕ್ಕ. ಹೊಗೆ ಹೋಗಕ್ಕೆ ಸಾಲದು. ಅವತ್ತೇ ಕರೆದಿದ್ರೆ ಹೇಳ್ತಿದ್ದೆ."

"ಕರೆದಿದ್ದೆ ಕಣೆ ಗಿರಿ" ಎಂದಳು ಅಮ್ಮ.

ಹಾಲು ಉಕ್ಕಿ ಒಲೆಯ ಮೇಲೆ ಚೆಲ್ಲಿತು. ಇಬ್ಬರೂ ಅಲ್ಲಾಡದೆ ಅದನ್ನೇ ನೋಡುತ್ತ ನಿಂತರು. ನಾನು ಕ್ಯಾಮರಾವನ್ನು ಕಣ್ಣಿಗೆ ಹಿಡಿದುಕೊಂಡೆ. ಮುಖ ಮುಚ್ಚಿಕೊಳ್ಳಲು ಆ ಹೊತ್ತಿಗೆ ನನ್ನ ಕೈಯಲ್ಲಿ ಬೇರೇನೂ ಇರಲಿಲ್ಲ.